ಹಿಮವೆಂಬ ದಸ್ತಾವೇಜು

ನ್ಯಾಯಾಲಯದಲ್ಲಿ ಬಾಯಿಮಾತಿಗಿಂತ ದಸ್ತಾವೇಜಿಗೆ ಬೆಲೆ ಹೆಚ್ಚು. ಭೂಮಿಯ ವಾಯುಮಂಡಲದ ಪೂರ್ವವೃತ್ತಾಂತಕ್ಕೆ ಅಂತಹ ದಸ್ತಾವೇಜು ಹಿಮ. ಧ್ರುವಪ್ರದೇಶದಲ್ಲಿ ಬಿದ್ದ ಹಿಮ ಕರಗದೆ ವರ್ಷ ವರ್ಷವೂ ಪದರಗಟ್ಟುತ್ತದೆ. ಮೇಲಿನ ಭಾರದಿಂದ ಕೆಳಗಿನ ಪದರಗಳು ಗಟ್ಟಿಯಾಗುವಾಗ ಅವುಗಳ ನಡುವಿನ ಗಾಳಿ ಕಿರುಗುಳ್ಳೆಗಳಾಗಿ ಸೆರೆಯಾಗುತ್ತದೆ.

1965ರಲ್ಲಿ ಅಂಟಾರ್ಕ್ಟಿಕದಲ್ಲಿದ್ದ ಫ್ರೆಂಚ್ ವಿಜ್ಞಾನಿ ಕ್ಲೋಡ್ ಲೋರಿಯಸ್ ಆಳದಿಂದ ತೆಗೆದ ಹಿಮದ ತುಣುಕೊಂದನ್ನು ಲೋಟಕ್ಕೆ ಹಾಕಿದರು. ಅದು ಕರಗುತ್ತಾ ಗುಳ್ಳೆಗಳನ್ನು ಬಿಡತೊಡಗಿತು. ಹೊರಬರುತ್ತಿರುವುದು ಪುರಾತನ ಕಾಲದ ಗಾಳಿಯೇ ಇರಬೇಕೆಂದು ಅವರಿಗೆ ಹೊಳೆಯಿತು. ಮುಂದೆ ಯುರೋಪಿನ ವಿಜ್ಞಾನಿಗಳು ಅದೇ ಖಂಡದ ಡೋಮ್ ಸಿ ಎಂಬಲ್ಲಿ 3 ಕಿಲೋಮೀಟರಿಗೂ ಹೆಚ್ಚು ಆಳ ಕೊರೆದು 8 ಲಕ್ಷ ವರ್ಷಗಳ ಗಾಳಿಯನ್ನು ಪರೀಕ್ಷಿಸಿದರು. ಆ ದೀರ್ಘಾವಧಿಯಲ್ಲಿ ಇಂಗಾಲದ ಡೈಆಕ್ಸೈಡಿನ ಪ್ರಮಾಣ ಗಾಳಿಯ ಹತ್ತು ಲಕ್ಷ ಅಣುಗಳಲ್ಲಿ ಸುಮಾರು 300ನ್ನು ಮೀರಿರಲಿಲ್ಲ. ಇಂದು ಅದು 420ನ್ನು ದಾಟಿದೆ. ಇಂತಹ ಏರಿಳಿತ ಹಿಂದೆಯೂ ಇತ್ತೆಂದು ವಾದಿಸುವವರ ಪಾಟೀಸವಾಲಿಗೆ ಹಿಮ ಕೊಡುವ ಉತ್ತರವಿದು.

ಆದರೆ ಎಲ್ಲ ಹಿಮವೂ ಡೋಮ್ ಸಿಯಷ್ಟು ಸುರಕ್ಷಿತವಾಗಿಲ್ಲ. ಜನವಸತಿಗೆ ಸಮೀಪದ ಪರ್ವತಗಳ ಹಿಮನದಿಗಳಲ್ಲಿ ಆಯಾ ಸೀಮೆಯ ಕಾರ್ಖಾನೆಯ ಹೊಗೆ, ಕಾಡ್ಗಿಚ್ಚಿನ ಬೂದಿ, ಮರುಭೂಮಿಯ ಧೂಳು ದಾಖಲಾಗಿರುತ್ತವೆ. ಸ್ವಿಟ್ಜರ್ಲೆಂಡಿನ ಗ್ರಾಂ ಕೊಂಬಾಂ ಪರ್ವತದ ಕೊರ್ಬಾಸಿಯೇರ್ ಹಿಮನದಿಯಲ್ಲಿ 2018ರಲ್ಲಿ ಪರೀಕ್ಷಾರ್ಥ ಕೊರೆದಾಗ ಈ ದಾಖಲೆ ಸ್ಪಷ್ಟವಾಗಿತ್ತು. ಪೂರ್ಣ ಆಳ ಕೊರೆಯಲು ವಿಜ್ಞಾನಿಗಳು 2020ರಲ್ಲಿ ಮರಳಿದಾಗ, ಕರಗಿದ ನೀರು ಒಳಕ್ಕಿಳಿದು ಅದರ ಬಹುಭಾಗವನ್ನು ತೊಳೆದುಹಾಕಿತ್ತು. ನೋಂದಣಿ ಪುಸ್ತಕಕ್ಕೆ ನೀರು ನುಗ್ಗಿ ಶಾಯಿ ಅಳಿಸಿಹೋದಂತೆ, ಪುಟಗಳು ಉಳಿದವು, ಬರಹ ಉಳಿಯಲಿಲ್ಲ. ಹಿಮನದಿ ಮಾಯವಾಗುವ ಮೊದಲೇ ಅದರ ಸಾಕ್ಷ್ಯ ಮಾಯವಾಗಬಲ್ಲದೆಂಬುದು ಅಲ್ಲಿ ಕಂಡ ಸತ್ಯ.

ಈ ಕಾರಣದಿಂದ ‘ಐಸ್ ಮೆಮೊರಿ’ ಎಂಬ ಅಂತಾರಾಷ್ಟ್ರೀಯ ಯೋಜನೆಯು ಅಳಿವಿನಂಚಿನ ಹಿಮನದಿಗಳಿಂದ ಹಿಮದ ಕಂಬಗಳನ್ನು ಕೊರೆದು ತೆಗೆದು, ಅಂಟಾರ್ಕ್ಟಿಕದ ಸಹಜ ಶೀತದಲ್ಲಿ ಕಾಪಿಡುತ್ತಿದೆ. ಅಲ್ಲಿ ವಿದ್ಯುತ್ತಿನ ಹಂಗಿಲ್ಲ. ಇಂದಿಲ್ಲದ ಉಪಕರಣಗಳಿಂದ ನಾಳಿನ ವಿಜ್ಞಾನಿಗಳು, ಅರ್ಥಾತ್ ಇಂದು ಶಾಲೆಯಲ್ಲಿ ಕುಳಿತಿರುವ ಮಕ್ಕಳು, ಅವನ್ನು ಓದಲಿ ಎಂಬುದು ಉದ್ದೇಶ.

ಇದು ಒಂದರ್ಥದಲ್ಲಿ ಮರಣಪೂರ್ವ ಹೇಳಿಕೆಯನ್ನು ದಾಖಲಿಸಿಕೊಳ್ಳುವ ಕಾರ್ಯ. ಹೇಳಿಕೆ ದಾಖಲಾದ ಮಾತ್ರಕ್ಕೆ ಸಾಯುತ್ತಿರುವವರು ಬದುಕುವುದಿಲ್ಲ. ಬೇಸಿಗೆಯಲ್ಲಿ ನದಿಗೆ ನೀರುಣಿಸುವ, ಸೂರ್ಯನ ಬಿಸಿಲನ್ನು ಹಿಂದಿರುಗಿಸಿ ಭೂಮಿಯನ್ನು ತಂಪಾಗಿಡುವ ಹಿಮ ಯಾವ ಉಗ್ರಾಣದಲ್ಲಿಯೂ ಹಿಡಿಸದು. ಅದು ಬೆಟ್ಟದ ಮೇಲೆಯೇ ಉಳಿಯಬೇಕು. ಉಳಿಯಬೇಕಾದರೆ ಕಲ್ಲಿದ್ದಲು ಮತ್ತು ತೈಲದ ಹೊಗೆ ತಗ್ಗಬೇಕು.