ಗುಣಾಕಾರದ ತಪ್ಪು

ಚೀಲದಿಂದ ಗೋಲಿ ತೆಗೆಯುವ ಸಂಭವನೀಯತೆಯ ಪಾಠ ನಿಮ್ಮಲ್ಲಿ ಕೆಲವರಿಗಾದರೂ ನೆನಪಿರಬಹುದು. ತೆಗೆದ ಗೋಲಿಯನ್ನು ಮರಳಿ ಹಾಕದೆ ಎರಡನೆಯದನ್ನು ತೆಗೆದರೆ, ಮೊದಲಿನ ಭಿನ್ನರಾಶಿಯನ್ನೇ ಮತ್ತೆ ಗುಣಿಸುವಂತಿಲ್ಲ; ಒಂದು ಘಟನೆ ಇನ್ನೊಂದನ್ನು ಮುಟ್ಟದಿದ್ದಾಗ ಮಾತ್ರ ಹಾಗೆ ಗುಣಿಸಬಹುದು. ಎಷ್ಟು ಹೇಳಿದರೂ ತಪ್ಪುವವರು ತಪ್ಪುತ್ತಿದ್ದರು, ನಾನು ಅರ್ಧ ಅಂಕ ಕಳೆಯುತ್ತಿದ್ದೆ. ಇಂಗ್ಲೆಂಡಿನ ಸ್ಯಾಲಿ ಕ್ಲಾರ್ಕ್ ಮೊಕದ್ದಮೆಯನ್ನು ಓದಿದಂದಿನಿಂದ, ಕಳೆದದ್ದು ಕಡಿಮೆಯಾಯಿತು ಎನಿಸುತ್ತಿದೆ.

ಆಕೆ ವೃತ್ತಿಯಿಂದ ವಕೀಲೆ. 1996ರಲ್ಲಿ ಒಂದು, 1998ರಲ್ಲಿ ಇನ್ನೊಂದು ಹಸುಗೂಸು ಹಠಾತ್ತಾಗಿ ತೀರಿಕೊಂಡವು. ತಾಯಿಯೇ ಕೊಂದಳೆಂಬ ಆರೋಪ ಬಂದಿತು. ಹೆಸರಾಂತ ಮಕ್ಕಳ ವೈದ್ಯ ಸರ್ ರಾಯ್ ಮೆಡೋ ಅವರು, ಅಂಥ ಕುಟುಂಬದಲ್ಲಿ ಒಂದು ಶಿಶು ಹೀಗೆ ಸಾಯುವ ಸಂಭವ 8,543ಕ್ಕೆ ಒಂದು ಎಂಬ ಅಂಕಿಯನ್ನು ಅದರಿಂದಲೇ ಗುಣಿಸಿ, ಎರಡು ಮರಣಗಳ ಸಂಭವ ಸುಮಾರು 7 ಕೋಟಿ 30 ಲಕ್ಷಕ್ಕೆ ಒಂದು ಎಂದು ಸಾಕ್ಷ್ಯ ನುಡಿದರು. 1999ರ ನವೆಂಬರಿನಲ್ಲಿ ಆಕೆಗೆ ಜೀವಾವಧಿ ಶಿಕ್ಷೆಯಾಯಿತು.

ಒಡಹುಟ್ಟಿದ ಮಕ್ಕಳಿಗೆ ರಕ್ತ ಒಂದು, ಮನೆ ಒಂದು. ಮೊದಲನೆಯದಕ್ಕೆ ಬಂದ ಕೇಡು ಎರಡನೆಯದಕ್ಕೂ ಬರಬಹುದಲ್ಲವೆ? ರಾಯಲ್ ಸ್ಟ್ಯಾಟಿಸ್ಟಿಕಲ್ ಸೊಸೈಟಿಯು 2001ರಲ್ಲಿ ಈ ಗುಣಾಕಾರಕ್ಕೆ ಆಧಾರವಿಲ್ಲವೆಂದಿತು. ಅಂಕಿ ಸರಿಯೆಂದೇ ಇಟ್ಟುಕೊಳ್ಳಿ, ಆಗಲೂ ಅದು ಆಕೆ ನಿರಪರಾಧಿಯಾಗಿರುವ ಸಂಭವವಲ್ಲ. ತಾಯಿಯೊಬ್ಬಳು ಎರಡು ಕೂಸುಗಳನ್ನು ಕೊಲ್ಲುವುದೂ ಅತ್ಯಪರೂಪವೇ. ಎರಡು ಅಪರೂಪಗಳನ್ನು ಪಕ್ಕಪಕ್ಕದಲ್ಲಿಟ್ಟು ತೂಗಬೇಕಿತ್ತು.

ಲೆಕ್ಕಕ್ಕಿಂತ ಹೆಚ್ಚಾಗಿ ನನ್ನನ್ನು ಕಾಡಿದ್ದು ಬೇರೊಂದು. ಎರಡನೆಯ ಮಗುವಿನ ಬೆನ್ನುಹುರಿಯ ದ್ರವದಲ್ಲಿಯೂ ಸ್ಟ್ಯಾಫಿಲೋಕಾಕಸ್ ಆರಿಯಸ್ ಎಂಬ ರೋಗಾಣು ಕಂಡುಬಂದಿದೆಯೆಂಬ ಪ್ರಯೋಗಾಲಯದ ವರದಿ ಶವಪರೀಕ್ಷೆ ಮಾಡಿದ ವೈದ್ಯರ ಬಳಿ ಇತ್ತು. ಅವರು ಅದನ್ನು ಪ್ರತಿವಾದಿಗೆ ತಿಳಿಸಲೇ ಇಲ್ಲ. ಮರಣಕ್ಕೆ ಆ ರೋಗಾಣುವೇ ಕಾರಣವೆ ಎಂಬುದರಲ್ಲಿ ತಜ್ಞರಿಗೆ ಒಮ್ಮತವಿರಲಿಲ್ಲ, ನಿಜ. ಆದರೆ ಆ ಭಿನ್ನಾಭಿಪ್ರಾಯವನ್ನು ಕೇಳಿ ತೀರ್ಮಾನಿಸಬೇಕಾದವರು ಜ್ಯೂರಿಯವರು, ವರದಿಯನ್ನು ಇಟ್ಟುಕೊಂಡವರಲ್ಲ. ಅದು ಹೊರಬಿದ್ದ ಮೇಲೆಯೇ, 2003ರ ಜನವರಿಯಲ್ಲಿ, ಶಿಕ್ಷೆ ರದ್ದಾಯಿತು.

ಮೆಡೋ ಅವರ ನೋಂದಣಿಯನ್ನು ವೈದ್ಯಕೀಯ ಮಂಡಳಿ 2005ರಲ್ಲಿ ತೆಗೆದುಹಾಕಿತು. ಅವರದು ಪ್ರಾಮಾಣಿಕ ತಪ್ಪೆಂದು ಹೈಕೋರ್ಟು 2006ರಲ್ಲಿ ಆ ಆದೇಶವನ್ನು ರದ್ದುಮಾಡಿತು. ಪ್ರಾಮಾಣಿಕವೆಂಬುದನ್ನು ನಾನೂ ಒಪ್ಪುತ್ತೇನೆ. ಆದರೂ ವೈದ್ಯರು ವೈದ್ಯವನ್ನು ಹೇಳಲಿ, ಗುಣಾಕಾರಕ್ಕೆ ಗಣಿತ ಬಲ್ಲವರನ್ನು ಕರೆಸಲಿ ಎಂಬುದು ನನ್ನ ಹಠ. (ಮೇಷ್ಟರ ವೃತ್ತಿಯಭಿಮಾನವೆಂದು ನಗಬೇಡಿ.)

ಮೂರು ವರ್ಷಕ್ಕೂ ಮಿಕ್ಕಿ ಸೆರೆಯಲ್ಲಿದ್ದು ಹೊರಬಂದ ಸ್ಯಾಲಿ, 2007ರ ಮಾರ್ಚಿನಲ್ಲಿ ತೀರಿಕೊಂಡರು. ವಯಸ್ಸು 42.