ತಡವೂ ಒಂದು ದಂಡವೇ

ಬಿಲ್ಲಿನಲ್ಲಿ ತಪ್ಪಿದೆ ಎಂದು ಗಿರಾಕಿ ಹೇಳಿದರೆ ಗಲ್ಲೆಯ ಮೇಲೆ ಕುಳಿತವನು ಅಲ್ಲಿಯೇ ಕೂಡಿ ನೋಡಬೇಕು. ‘ಮೂರು ತಿಂಗಳು ಬಿಟ್ಟು ಬನ್ನಿ’ ಎಂದರೆ ಯಾವ ಗಿರಾಕಿ ಒಪ್ಪಿಯಾನು? ಆದರೆ ಅಂಕ ತಪ್ಪಿದೆ ಎಂದು ಶುಲ್ಕ ಕಟ್ಟಿ ಮರುಮೌಲ್ಯಮಾಪನ ಕೇಳಿದ ವಿದ್ಯಾರ್ಥಿಗೆ ವಿಶ್ವವಿದ್ಯಾನಿಲಯಗಳಿಂದ ಎಷ್ಟೋ ಸಲ ದೊರೆಯುವ ಉತ್ತರ ಇದೇ.

2017ರಲ್ಲಿ ಮುಂಬಯಿಯಲ್ಲಿ ನಡೆದುದನ್ನು ನೆನೆಯಿರಿ. ಉತ್ತರಪತ್ರಿಕೆಗಳನ್ನು ಕಂಪ್ಯೂಟರ್ ಪರದೆಯ ಮೇಲೆ ತಿದ್ದಿಸುವ ಹೊಸ ಕ್ರಮವನ್ನು ವಿಶ್ವವಿದ್ಯಾನಿಲಯ ಸಾಕಷ್ಟು ಸಿದ್ಧತೆಯಿಲ್ಲದೆ ತಂದಿತು. ತಿದ್ದಬೇಕಾದ ಪತ್ರಿಕೆಗಳು 17 ಲಕ್ಷಕ್ಕೂ ಹೆಚ್ಚು. ರಾಜ್ಯಪಾಲರು ವಿಧಿಸಿದ ಜುಲೈ 31ರ ಗಡುವು ಮೀರಿತು. ಫಲಿತಾಂಶಕ್ಕೆ ಕಾದವರು ಮರುಮೌಲ್ಯಮಾಪನಕ್ಕೆ ಇನ್ನೊಮ್ಮೆ ಕಾದರು. ವಿದ್ಯಾರ್ಥಿಗಳು ಹೈಕೋರ್ಟಿನ ಮೆಟ್ಟಿಲು ಹತ್ತಬೇಕಾಯಿತು. ಅಕ್ಟೋಬರಿನಲ್ಲಿ ಉಪಕುಲಪತಿಗಳು ವಜಾ ಆದರು. ಆದರೆ ಕಳೆದುಹೋದ ತಿಂಗಳುಗಳನ್ನು ಆ ಹುಡುಗರಿಗೆ ಯಾರು ತಂದುಕೊಟ್ಟರು?

ಇದು ಕಾಲೇಜಿನವರ ತಾಪತ್ರಯ, ನಮಗೇನು ಎನ್ನಬೇಡಿ. ಹಗಲೆಲ್ಲ ಟೇಬಲ್ ಒರಸಿ, ರಾತ್ರಿಶಾಲೆಯಲ್ಲಿ ಕಲಿತು ಕಾಲೇಜು ಮುಟ್ಟಿದವರು ನಮ್ಮವರೇ. ಗಿರಣಿಯ ಪಗಾರದಲ್ಲಿ ಓದಿದ ಮಕ್ಕಳೂ ನಮ್ಮವರೇ. ಉಳ್ಳವರ ಮಗ ಒಂದು ವರ್ಷ ಕಾದಾನು. ನಮ್ಮ ಹುಡುಗನಿಗೆ ಅಂಕಪಟ್ಟಿ ತಡವಾದರೆ ನೌಕರಿಯೇ ಕೈತಪ್ಪುತ್ತದೆ. ಅವನು ತಿರುಗಿ ಮೋರಿಯ ಮುಂದೆ ನಿಲ್ಲುತ್ತಾನೆ.

ಪತ್ರಿಕೆ ತಿದ್ದುವ ಅಧ್ಯಾಪಕರನ್ನು ನಾವು ದೂರುವುದಿಲ್ಲ. ಅವರೂ ದುಡಿಯುವವರೇ. ಹೊರಲಾರದ ಹೊರೆ ಹೊರಿಸಿದವರು ಉತ್ತರ ಹೇಳಬೇಕು. ಪರೀಕ್ಷೆ ಮುಗಿದ 30 ದಿನಗಳಲ್ಲಿ, ತಪ್ಪಿದರೆ 45 ದಿನಗಳೊಳಗೆ ಫಲಿತಾಂಶ ಪ್ರಕಟವಾಗಬೇಕೆಂದು ಮಹಾರಾಷ್ಟ್ರದ 2016ರ ಕಾನೂನು ಹೇಳುತ್ತದೆ. ಮರುಮೌಲ್ಯಮಾಪನಕ್ಕೂ ಅಷ್ಟೇ ಬಿಗಿಯಾದ ಗಡುವು ನಡೆಯಬೇಕು. ಮೀರಿದರೆ ಕಟ್ಟಿದ ಶುಲ್ಕ ಹಿಂದಕ್ಕೆ ಬರಬೇಕು. ಇದು ನಮ್ಮ ಬೇಡಿಕೆ.

ಕೋರ್ಟು ಕೊನೆಯ ಬಾಗಿಲು. ನಿಯಮದಲ್ಲಿ ಇಲ್ಲದ ಮರುಮೌಲ್ಯಮಾಪನವನ್ನು ಹಕ್ಕೆಂದು ಕೇಳಲಾಗದೆಂದು ಸುಪ್ರೀಂ ಕೋರ್ಟು 1984ರಲ್ಲಿಯೇ ಹೇಳಿದೆ. ಆದರೆ ಮಾಹಿತಿ ಹಕ್ಕಿನ ಕಾನೂನಿನಂತೆ ತನ್ನ ಉತ್ತರಪತ್ರಿಕೆಯನ್ನು ನೋಡುವ ಹಕ್ಕು ವಿದ್ಯಾರ್ಥಿಗೆ ಉಂಟೆಂದು 2011ರಲ್ಲಿ ಅದೇ ಕೋರ್ಟು ತೀರ್ಪಿತ್ತಿದೆ. ಆದುದರಿಂದ ಅರ್ಜಿಯ ಕೊನೆಯ ದಿನ ಮೀರಬೇಡಿ. ರಸೀದಿ ಜೋಪಾನ ಮಾಡಿ. ಉತ್ತರಪತ್ರಿಕೆಯ ನಕಲು ಕೇಳಿ. ತಡವಾದರೆ ಬರೆದು ಕೊಟ್ಟು, ನಿಮ್ಮ ಪ್ರತಿಯ ಮೇಲೆ ಕಚೇರಿಯ ಮೊಹರು ಹಾಕಿಸಿಕೊಳ್ಳಿ. ಬಾಯಿಮಾತು ಕೋರ್ಟಿನಲ್ಲಿ ನಿಲ್ಲದು.

ವಕೀಲರ ಫೀಜಿಗೆ ಹೆದರಿ ಹಿಂಜರಿಯಬೇಡಿ. 1987ರ ಕಾನೂನಿನ ಪ್ರಕಾರ ಹೆಂಗಸರಿಗೆ, ಪರಿಶಿಷ್ಟ ಜಾತಿ ಪಂಗಡಗಳವರಿಗೆ, ಕೈಗಾರಿಕಾ ಕಾರ್ಮಿಕರಿಗೆ, ವರಮಾನ ಕಡಿಮೆ ಇದ್ದವರಿಗೆ ಸರಕಾರದ ಖರ್ಚಿನಲ್ಲಿ ವಕೀಲರ ನೆರವು ದೊರೆಯುತ್ತದೆ.

ಬಂಧುಗಳೇ, ಪಗಾರ ತಡವಾದಾಗ ನಾವು ಒಬ್ಬೊಬ್ಬರೇ ಹೋಗಿ ಗೋಗರೆಯಲಿಲ್ಲ, ಕೂಡಿ ಕೇಳಿದೆವು. ಮಕ್ಕಳ ಅಂಕ ತಡವಾದಾಗಲೂ ಕೂಡಿಯೇ ಕೇಳೋಣ. ಅದೂ ಅವರು ದುಡಿದ ಪಗಾರವೇ.