ಕಂತು ಯಾರದು, ಮನೆ ಯಾರದು?

ಸ್ವಂತ ಮನೆಯ ಆಸೆ ಯಾರಿಗಿಲ್ಲ? ಆದರೆ ತಿಂಗಳ ಕಂತನ್ನಷ್ಟೇ ಕೇಳಿ ಒಪ್ಪಿಕೊಳ್ಳುವುದು ಸರಿಯಲ್ಲ. ಶೇಕಡಾ 9ರ ಬಡ್ಡಿಯಲ್ಲಿ 20 ವರ್ಷಕ್ಕೆ 10 ಲಕ್ಷ ಸಾಲ ಪಡೆದರೆ ಕಂತು ಸುಮಾರು 9,000 ರೂಪಾಯಿ. ಮೊದಲ ಕಂತಿನಲ್ಲಿ 7,500 ಬರೀ ಬಡ್ಡಿ. ಅಸಲಿಗೆ ಜಮೆಯಾಗುವುದು 1,500 ಮಾತ್ರ. ಕೊನೆಗೆ ಕಟ್ಟಿದ್ದು ಒಟ್ಟು 21 ಲಕ್ಷ 59 ಸಾವಿರ! 15 ವರ್ಷದಲ್ಲೇ ತೀರಿಸುವುದಾದರೆ ಕಂತು 1,150ರಷ್ಟು ಹೆಚ್ಚು, ಉಳಿಯುವುದು 3 ಲಕ್ಷ 30 ಸಾವಿರ. ಸಂಘದಲ್ಲಿ ಹತ್ತು ರೂಪಾಯಿಗೂ ಲೆಕ್ಕ ಬರೆಯುವ ನಮಗೆ ಇದೇನೂ ಕಷ್ಟದ ಗಣಿತವಲ್ಲ.

ಇನ್ನೊಂದು ಲೆಕ್ಕ ಯಾವ ಪಾಸ್‌ಬುಕ್ಕಿನಲ್ಲೂ ಇರುವುದಿಲ್ಲ. ಮುಂಗಡಕ್ಕೆಂದು ಹೆಂಡತಿಯ ಬಳೆ, ಸರ ಮಾರಾಟವಾಗುತ್ತವೆ. ಅದೂ ಸಾಲದಾದರೆ 'ತವರಿನಿಂದ ತಾ' ಎಂಬ ಪೀಡನೆ. ಮನೆ ಕಟ್ಟಲು ಹಣ ಕೇಳುವುದೂ ವರದಕ್ಷಿಣೆಯೇ ಎಂದು 2022ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಸಾಲಪತ್ರಕ್ಕೆ ಜಂಟಿ ಸಾಲಗಾರ್ತಿಯಾಗಿ ಅವಳ ಸಹಿ ಬೇಕು, ಕ್ರಯಪತ್ರದಲ್ಲಿ ಮಾತ್ರ ಅವಳ ಹೆಸರಿರುವುದಿಲ್ಲ. ಗಂಡ ಕಟ್ಟದಿದ್ದರೆ ಬ್ಯಾಂಕು ಇಡೀ ಬಾಕಿಯನ್ನು ಅವಳಿಂದಲೇ ಕೇಳಬಹುದು. 2005ರ ಕೌಟುಂಬಿಕ ದೌರ್ಜನ್ಯ ಕಾಯ್ದೆ ಆ ಮನೆಯಲ್ಲಿ ವಾಸಿಸುವ ಹಕ್ಕು ಕೊಡುತ್ತದೆ, ಒಡೆತನವನ್ನಲ್ಲ. ಗೆಳತಿಯರೇ, ಸಹಿ ಹಾಕುವ ಮುನ್ನ ಕ್ರಯಪತ್ರದ ಕರಡನ್ನು ತರಿಸಿ ಓದಿಸಿರಿ, ಜಂಟಿ ಹೆಸರಿಗೆ ಹಟ ಹಿಡಿಯಿರಿ. ಕಂತು ನಿಮ್ಮ ದುಡಿಮೆಯದಾದರೆ ಅದು ನಿಮ್ಮ ಖಾತೆಯಿಂದಲೇ ಹೋಗಲಿ.